ರೌಡಿ ಚಿತ್ರಗಳ ವಾರಸುದಾರರು ಯಾರು?



ಶಿವಮೊಗ್ಗ ಜಿಲ್ಲೆ ಶಿಕಾರಿಪುರ ತಾಲ್ಲೂಕಿನ ತೊಗರ್ಸಿಯ ಕಡೆಯವನು ನಾನು. ನಮ್ಮ ಸೀಮೆಯವರಿಗೆ ಹಳೆಯದನ್ನು ಕಾಪಾಡುವುದೆಂದರೆ ಏನೆಂದು ಬಿಡಿಸಿ ಹೇಳಬೇಕಾಗಿಲ್ಲ. ಊರಿನಲ್ಲಿ ಮಲ್ಲಿಕಾರ್ಜುನನ ಗುಡಿ, ತಾಲ್ಲೂಕಿನಲ್ಲಿ ಬಳ್ಳಿಗಾವಿ, ತಾಳಗುಂದ. ಶಿಕಾರಿಪುರ, ಸೊರಬ ತಾಲ್ಲೂಕುಗಳಲ್ಲಿ ಕೆರೆಯ ಏರಿಯ ಮೇಲೆ, ಗುಡಿಯ ಅಂಗಳದಲ್ಲಿ, ಹೊಲದ ಬದುವಿನಲ್ಲಿ ವೀರಗಲ್ಲುಗಳು ನಿಂತಿವೆ. ಅವುಗಳ ಮೇಲೆ ಕೆತ್ತಿರುವುದು ಏನು? ಕೆಳಗಿನ ಪಟ್ಟಿಕೆಯಲ್ಲಿ ಹೊಡೆದಾಟ. ಒಬ್ಬನ ಕೈಯಲ್ಲಿ ಬಿಲ್ಲು, ಇನ್ನೊಬ್ಬನ ಕೈಯಲ್ಲಿ ಕತ್ತಿ. ಕಾಲಡಿಯಲ್ಲಿ ಬಿದ್ದ ಹೆಣ. ಕೆಲವದರಲ್ಲಿ ದನಗಳ ಸಾಲು. ತುರುಗಳ್ಳರು ಹೊಡೆದುಕೊಂಡು ಹೋಗುತ್ತಿದ್ದ ದನಗಳನ್ನು ಬಿಡಿಸಲು ಹೋಗಿ ಸತ್ತವನ ಕಥೆ ಅದು. ಮೇಲಿನ ಪಟ್ಟಿಕೆಗಳಲ್ಲಿ ಅವನನ್ನು ಅಪ್ಸರೆಯರು ಕೈಲಾಸಕ್ಕೆ ಕರೆದೊಯ್ಯುತ್ತಾರೆ.

ರಕ್ತಪಾತದ ಈ ಚಿತ್ರಗಳನ್ನು ನಾವು ಒಡೆದು ಹಾಕಲಿಲ್ಲ. ಬಿ.ಎಲ್. ರೈಸ್ ಅವರು ಊರೂರಿನ ಶಾಸನಗಳ ಪ್ರತಿ ತೆಗೆಸಿ, ಎಪಿಗ್ರಾಫಿಯ ಕರ್ನಾಟಿಕದ 7ನೆಯ ಸಂಪುಟದಲ್ಲಿ ಶಿಕಾರಿಪುರದವನ್ನೂ 8ನೆಯ ಸಂಪುಟದಲ್ಲಿ ಸೊರಬದವನ್ನೂ ಅಚ್ಚು ಹಾಕಿಸಿದರು. ಆ ಸಂಪುಟಗಳು 1902 ಮತ್ತು 1904ರಲ್ಲಿ ಹೊರಬಂದವು. ಅಂದು ಇದ್ದ ಕಲ್ಲುಗಳಲ್ಲಿ ಎಷ್ಟೋ ಸವೆದಿರಬಹುದು, ಕಟ್ಟಡದ ಪಾಯದೊಳಗೆ ಸೇರಿಹೋಗಿರಬಹುದು. ಆದರೆ ಮಾತು ಉಳಿಯಿತು. ಏಕೆಂದರೆ ಯಾರೋ ಒಬ್ಬರು ಸಕಾಲದಲ್ಲಿ ಪ್ರತಿ ಮಾಡಿಕೊಂಡಿದ್ದರು.

ಇಂದು ನಾನು ಮಾತನಾಡಹೊರಟಿರುವುದು ಕಲ್ಲಿನ ವಿಷಯವಲ್ಲ, ಸಿನಿಮಾದ ವಿಷಯ. ಅದರಲ್ಲಿಯೂ ಮರ್ಯಾದಸ್ಥರು ಮೂಗು ಮುರಿಯುವ ಸಿನಿಮಾಗಳ ವಿಷಯ. ಮಚ್ಚು, ಲಾಂಗು, ಭೂಗತ ಲೋಕ, ರೌಡಿಗಳ ಕಥೆ ಹೇಳುವ ಕನ್ನಡ ಚಿತ್ರಗಳು ನಾಳೆಗೆ ಉಳಿಯುತ್ತವೆಯೆ? ಅವುಗಳನ್ನು ಅಂತರಜಾಲದಲ್ಲಿಟ್ಟು ಉಳಿಸಬಹುದೆ? ಉಳಿಸಹೊರಟವರಿಗೆ ಕೃತಿಸ್ವಾಮ್ಯದ ಕಾನೂನು ಏನು ಹೇಳುತ್ತದೆ? ಇವು ಇಂದಿನ ಪ್ರಶ್ನೆಗಳು.

ಮೊದಲು ಈ ಚಿತ್ರಗಳ ಪರಂಪರೆಯನ್ನು ಸ್ವಲ್ಪ ನೋಡೋಣ. 1968ರಲ್ಲಿ ದೊರೈ-ಭಗವಾನ್ ಜೋಡಿಯ 'ಜೇಡರ ಬಲೆ' ಬಂತು. ಅಲ್ಲಿ ರಾಜ್‌ಕುಮಾರ್ ಅವರು ಸಿ.ಐ.ಡಿ. 999 ಆಗಿ ಕಳ್ಳಕೂಟವನ್ನು ಬೆನ್ನಟ್ಟುತ್ತಾರೆ. ಅಲ್ಲಿ ಕಥೆ ಪೊಲೀಸನದು. ಪಾತಕಿ ಎದುರಾಳಿ ಮಾತ್ರ. 1981ರಲ್ಲಿ ರಾಜೇಂದ್ರಸಿಂಗ್ ಬಾಬು ಅವರ 'ಅಂತ' ಬಂತು. 'ಸುಧಾ' ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದ ಎಚ್.ಕೆ. ಅನಂತರಾವ್ ಅವರ ಕಾದಂಬರಿ ಅದರ ಮೂಲ. ಅಲ್ಲಿ ಪೊಲೀಸ್ ಅಧಿಕಾರಿಯೇ ಪಾತಕಿಯ ವೇಷ ತೊಟ್ಟು ಆ ಲೋಕದೊಳಕ್ಕೆ ಹೋಗುತ್ತಾನೆ. ಅಂಬರೀಶ್ ಎರಡೂ ಪಾತ್ರ ಮಾಡಿದರು. 1995ರಲ್ಲಿ ಉಪೇಂದ್ರ ನಿರ್ದೇಶಿಸಿದ 'ಓಂ' ಬಂತು. ಅಲ್ಲಿ ಅರ್ಚಕರ ಮಗನೇ ರೌಡಿಯಾಗುತ್ತಾನೆ. ಆಗಿನ ಬೆಂಗಳೂರಿನ ಭೂಗತ ಲೋಕದ ಕೆಲವರು ಆ ಚಿತ್ರದಲ್ಲಿ ತಾವೇ ಕಾಣಿಸಿಕೊಂಡರು. 2007ರಲ್ಲಿ ಅಗ್ನಿ ಶ್ರೀಧರ್ ಅವರ ಆತ್ಮಕಥನವನ್ನು ಆಧರಿಸಿ ಕೆ.ಎಂ. ಚೈತನ್ಯ ಅವರು 'ಆ ದಿನಗಳು' ಮಾಡಿದರು. 2021ರಲ್ಲಿ ರಾಜ್ ಬಿ. ಶೆಟ್ಟಿ ಅವರ 'ಗರುಡ ಗಮನ ವೃಷಭ ವಾಹನ' ಇದೇ ಕಥೆಯನ್ನು ಮಂಗಳೂರಿಗೆ ಒಯ್ದಿತು.

ಪೊಲೀಸನ ಕಥೆ ಪೊಲೀಸ್-ಪಾತಕಿಯ ಕಥೆಯಾಗಿ, ಕೊನೆಗೆ ಪಾತಕಿಯದೇ ಕಥೆಯಾದದ್ದು ಸುಮಾರು ಅರ್ಧ ಶತಮಾನದ ಪ್ರಯಾಣ. ಈ ಪ್ರಯಾಣದಲ್ಲಿ ನಮ್ಮ ನಗರಗಳ ಚರಿತ್ರೆ ಅಡಗಿದೆ. ಹಳ್ಳಿ ಬಿಟ್ಟು ಬಂದ ಹುಡುಗನಿಗೆ ಊರು ಏನು ಕೊಟ್ಟಿತು, ಏನು ಕಸಿದುಕೊಂಡಿತು, ಆಗಿನ ಬೀದಿ ಹೇಗಿತ್ತು, ಬೀದಿಯ ಕನ್ನಡ ಹೇಗಿತ್ತು ಎಂಬುದನ್ನು ತಿಳಿಯಬೇಕಾದರೆ ಮುಂದಿನವರು ಈ ಚಿತ್ರಗಳನ್ನು ನೋಡಲೇಬೇಕಾಗುತ್ತದೆ. ಹಿಂಸೆಯನ್ನು ವೈಭವೀಕರಿಸಿದರು ಎಂಬ ದೂರು ಇದೆ. ಅದರಲ್ಲಿ ಸತ್ಯವೂ ಇದೆ. ಆ ದೂರನ್ನು ವಿಚಾರಣೆ ಮಾಡುವುದಕ್ಕಾದರೂ ಸಾಕ್ಷ್ಯ ಬೇಕಲ್ಲವೆ? ಆಯುಧ ಹಿಡಿದವನ ಚಿತ್ರ ಕಲ್ಲಿನ ಮೇಲಿದ್ದರೆ ಇತಿಹಾಸ, ಫಿಲ್ಮಿನ ಮೇಲಿದ್ದರೆ ಕಸ ಎಂದು ಹೇಳುವುದು ನ್ಯಾಯವಲ್ಲ.

ಈಗ ಫಿಲ್ಮಿನ ಆಯುಷ್ಯದ ಮಾತು. ಕಲ್ಲು ಸಾವಿರ ವರ್ಷ ನಿಲ್ಲುತ್ತದೆ. ಫಿಲ್ಮು ಹಾಗಲ್ಲ. ಮೊದಲಿನ ಕಾಲದ ನೈಟ್ರೇಟ್ ಫಿಲ್ಮು ಬೆಂಕಿಗೆ ಬಂಧು. ಆಮೇಲೆ ಬಂದ ಅಸಿಟೇಟ್ ಫಿಲ್ಮಿಗೆ ಬೆಂಕಿಯ ಭಯ ಕಡಿಮೆ; ಆದರೆ ಸೆಕೆ ಮತ್ತು ತೇವಕ್ಕೆ ಸಿಕ್ಕಿದರೆ ಅದು ಒಳಗಿನಿಂದ ಹುಳಿಯಾಗುತ್ತದೆ. ಡಬ್ಬದ ಮುಚ್ಚಳ ತೆಗೆದರೆ ವಿನೆಗರ್ ವಾಸನೆ ಹೊಡೆಯುತ್ತದೆ. ಫಿಲ್ಮು ಕುಗ್ಗುತ್ತದೆ, ಸುರುಳಿಗೊಳ್ಳುತ್ತದೆ, ಬಣ್ಣ ಮಾಸುತ್ತದೆ. ವಿಡಿಯೊ ಕ್ಯಾಸೆಟ್ಟಿನ ಕಥೆಯೂ ಅಷ್ಟೇ. ನಮ್ಮ ಅರೆಮಲೆನಾಡಿನ ನಾಲ್ಕು ಮಳೆಗಾಲ ಸಾಕು, ಟೇಪಿನ ಅಂಚಿಗೆ ಬಿಳಿಯ ಬೂಷ್ಟು ಹಿಡಿಯಲು. ಕ್ಯಾಸೆಟ್ಟು ಚೆನ್ನಾಗಿದ್ದರೂ ಅದನ್ನು ನುಡಿಸುವ ಯಂತ್ರ ಬೇಕು. ಮನೆಬಳಕೆಯ ವಿ.ಸಿ.ಆರ್. ತಯಾರಿಸುತ್ತಿದ್ದ ಕೊನೆಯ ದೊಡ್ಡ ಕಂಪೆನಿ, ಜಪಾನಿನ ಫುನಾಯ್, 2016ರಲ್ಲಿ ತಯಾರಿಕೆ ನಿಲ್ಲಿಸಿತು. ಹಾರ್ಡ್ ಡಿಸ್ಕುಗಳೂ ಚಿರಂಜೀವಿಗಳಲ್ಲ. ಕೆಲವೇ ವರ್ಷಗಳಲ್ಲಿ ಕೈಕೊಡುತ್ತವೆ.

ಇದರ ಅರ್ಥ ಒಂದೇ. ಚಲನಚಿತ್ರವನ್ನು ಕಾಪಾಡುವುದು ಎಂದರೆ ಅದನ್ನು ಬೀರುವಿನಲ್ಲಿಟ್ಟು ಬೀಗ ಹಾಕುವುದಲ್ಲ. ಮತ್ತೆ ಮತ್ತೆ ಪ್ರತಿ ಮಾಡುವುದು. ಇದು ನಮಗೆ ಹೊಸದಲ್ಲ. ತಾಳೆಯೋಲೆ ಹುಳು ಹಿಡಿಯುವ ಮೊದಲು ಇನ್ನೊಂದು ಓಲೆಗೆ ಇಳಿಸಿಕೊಳ್ಳುವುದು ನಮ್ಮ ಹಿರಿಯರ ಪದ್ಧತಿ. ನಮ್ಮ ತಾಲ್ಲೂಕಿನ ಅಕ್ಕಮಹಾದೇವಿ, ಅಲ್ಲಮಪ್ರಭುಗಳ ವಚನಗಳು ನಮಗೆ ದೊರೆತದ್ದು ಹೀಗೆ, ಕೈಯಿಂದ ಕೈಗೆ ಪ್ರತಿಯಾಗಿ, ಕೊನೆಗೆ ಫ.ಗು. ಹಳಕಟ್ಟಿಯವರಂಥವರು ಅವನ್ನು ಹುಡುಕಿ ಅಚ್ಚಿಗೆ ತಂದರು. ಹೀಗೆ ಓಲೆಯನ್ನು ಕಾಪಾಡಿದವನು ಪ್ರತಿಕಾರ. ಆದರೆ ಸಿನಿಮಾ ವಿಷಯಕ್ಕೆ ಬಂದಾಗ ಒಂದು ತೊಡಕು ಎದುರಾಗುತ್ತದೆ. ಉಳಿಸುವುದು ಎಂದರೆ ಪ್ರತಿ ಮಾಡುವುದು. ಪ್ರತಿ ಮಾಡುವ ಹಕ್ಕು ಎಂದರೆ ಅದೇ ಕೃತಿಸ್ವಾಮ್ಯ. ಹಾಗಾಗಿ ಉಳಿಸಹೊರಟವನು ಮೊದಲ ಹೆಜ್ಜೆಯಲ್ಲೇ ಕಾನೂನಿನ ಬಾಗಿಲು ತಟ್ಟಬೇಕಾಗುತ್ತದೆ.

ಕಾನೂನು ಏನು ಹೇಳುತ್ತದೆ? ನಮ್ಮದು 1957ರ ಕೃತಿಸ್ವಾಮ್ಯ ಕಾಯ್ದೆ. ಅದರ ಪ್ರಕಾರ ಚಲನಚಿತ್ರದ ಕರ್ತೃ ನಿರ್ದೇಶಕನಲ್ಲ, ನಾಯಕನಟನಲ್ಲ, ನಿರ್ಮಾಪಕ. ಚಿತ್ರ ಬಿಡುಗಡೆಯಾದ ಮರುವರ್ಷದಿಂದ ಲೆಕ್ಕ ಹಾಕಿ 60 ವರ್ಷ ಅವನ ಹಕ್ಕು ಇರುತ್ತದೆ. ಮೊದಲು ಇದು 50 ವರ್ಷವಿತ್ತು. ರವೀಂದ್ರನಾಥ ಠಾಗೋರರು ತೀರಿಕೊಂಡದ್ದು 1941ರಲ್ಲಿ. ಅವರ ಕೃತಿಗಳ ಹಕ್ಕು 1991ರ ಕೊನೆಗೆ ಮುಗಿಯಲಿದ್ದಾಗ ಕೇಂದ್ರ ಸರ್ಕಾರ ಅವಧಿಯನ್ನು ಹತ್ತು ವರ್ಷ ಹೆಚ್ಚಿಸಿತು. 1992ರ ಆ ತಿದ್ದುಪಡಿಯ ಲಾಭ ಸಿನಿಮಾಗಳಿಗೂ ಸಿಕ್ಕಿತು.

ಈ ಲೆಕ್ಕವನ್ನು ನಮ್ಮ ಚಿತ್ರಗಳಿಗೆ ಹಚ್ಚಿ ನೋಡೋಣ. 'ಜೇಡರ ಬಲೆ'ಯ ಹಕ್ಕು 2028ರ ಕೊನೆಗೆ ಮುಗಿದು, 2029ರ ಜನವರಿ 1ರಿಂದ ಅದು ಸಾರ್ವಜನಿಕ ಸ್ವತ್ತಾಗುತ್ತದೆ. 'ಅಂತ'ದ ಹಕ್ಕು 2041ರ ಕೊನೆಯವರೆಗೆ, 'ಓಂ' ಚಿತ್ರದ್ದು 2055ರ ಕೊನೆಯವರೆಗೆ. ಇದರಲ್ಲೂ ಒಂದು ಗಂಟು ಇದೆ. ಚಿತ್ರದ ಹಕ್ಕು ಮುಗಿದ ಮಾತ್ರಕ್ಕೆ ಅದರೊಳಗಿನ ಎಲ್ಲದರ ಹಕ್ಕೂ ಮುಗಿಯುವುದಿಲ್ಲ. ಕಥೆ, ಹಾಡಿನ ಸಾಹಿತ್ಯ, ಸಂಗೀತ ಇವಕ್ಕೆ ಕರ್ತೃ ತೀರಿಕೊಂಡ ಮೇಲೂ 60 ವರ್ಷ. 'ಜೇಡರ ಬಲೆ'ಗೆ ಸಂಗೀತ ಕೊಟ್ಟ ಜಿ.ಕೆ. ವೆಂಕಟೇಶ್ ಅವರು ನಿಧನರಾದದ್ದು 1993ರಲ್ಲಿ. ಹಾಗಾಗಿ ಚಿತ್ರದ ಹಕ್ಕು 2028ಕ್ಕೆ ಮುಗಿದರೂ ಸಂಗೀತದ್ದು 2053ರ ಕೊನೆಯವರೆಗೆ ಉಳಿದಿರುತ್ತದೆ. ಒಂದೇ ಮನೆಯಲ್ಲಿ ಪಡಸಾಲೆಗೆ ಒಂದು ಬೀಗ, ದೇವರ ಕೋಣೆಗೆ ಇನ್ನೊಂದು ಬೀಗ ಇದ್ದಂತೆ.

ಹಾಗಾದರೆ 60 ವರ್ಷ ಕಾಯೋಣ ಎನ್ನೋಣವೆ? ಕಾದರೆ ಏನಾಗುತ್ತದೆ ಎಂಬುದಕ್ಕೆ ಕನ್ನಡದ ಮೊದಲ ವಾಕ್ಚಿತ್ರವೇ ಉದಾಹರಣೆ. 1934ರಲ್ಲಿ ತೆರೆಕಂಡ 'ಸತಿ ಸುಲೋಚನ' ಚಿತ್ರದ ಹಕ್ಕು ಯಾವ ಲೆಕ್ಕದಲ್ಲಿ ನೋಡಿದರೂ ಮುಗಿದು ದಶಕಗಳೇ ಆದವು. ಈಗ ಯಾರು ಬೇಕಾದರೂ ಅದನ್ನು ಪ್ರತಿ ಮಾಡಬಹುದು, ಅಂತರಜಾಲಕ್ಕೆ ಏರಿಸಬಹುದು. ಆದರೆ ಏರಿಸಲು ಚಿತ್ರವೇ ಇಲ್ಲ. ಒಂದು ಪ್ರತಿಯೂ ಉಳಿದಿಲ್ಲ. ಕಾನೂನು ಬೀಗ ತೆಗೆಯುವ ಹೊತ್ತಿಗೆ ಕೋಣೆ ಬರಿದಾಗಿತ್ತು. ನಮ್ಮ ದೇಶದಲ್ಲಿ ತಯಾರಾದ ಮೂಕಿ ಚಿತ್ರಗಳು 1,300ಕ್ಕೂ ಹೆಚ್ಚು. ಪೂರ್ತಿಯಾಗಿಯೋ ತುಣುಕಾಗಿಯೋ ಉಳಿದಿರುವುದು ಮೂವತ್ತರ ಆಸುಪಾಸು. ಬೆಂಕಿಗೆ ಹೋದವು ಕೆಲವು. ಫಿಲ್ಮಿನಲ್ಲಿರುವ ಬೆಳ್ಳಿಯ ಆಸೆಗೆ ಮಾರಾಟವಾಗಿ ಹೋದವು ಇನ್ನೆಷ್ಟೋ.

ಇಲ್ಲಿ ತೊಗರ್ಸಿಯ ಒಬ್ಬ ಯುವಕನನ್ನು ಕಲ್ಪಿಸಿಕೊಳ್ಳೋಣ. ಅವನ ಮನೆಯ ಅಟ್ಟದ ಮೇಲೆ ಎಂಬತ್ತರ ದಶಕದ ಒಂದು ರೌಡಿ ಚಿತ್ರದ ಕ್ಯಾಸೆಟ್ಟು ಸಿಗುತ್ತದೆ. ಅಂಗಡಿಯಲ್ಲಿ ಕಾಸು ಕೊಟ್ಟು ಕೊಂಡದ್ದು. ಆ ಚಿತ್ರ ಎಲ್ಲಿಯೂ ನೋಡಲು ಸಿಗುತ್ತಿಲ್ಲ. ನಿರ್ಮಾಪಕರು ತೀರಿಕೊಂಡಿದ್ದಾರೆ. ಅವರ ಮಕ್ಕಳು ಎಲ್ಲಿದ್ದಾರೋ ತಿಳಿಯದು. ವಿತರಕರ ಕಚೇರಿ ಇದ್ದ ಜಾಗದಲ್ಲಿ ಈಗ ಮೊಬೈಲ್ ಅಂಗಡಿ ಇದೆ. ಯುವಕ ಏನು ಮಾಡಬಹುದು?

ಮೊದಲನೆಯದಾಗಿ, ತನ್ನ ಸ್ವಂತ ನೋಟಕ್ಕೆ, ಅಧ್ಯಯನಕ್ಕೆ ಅದನ್ನು ಬಳಸಿಕೊಳ್ಳಬಹುದು. ಖಾಸಗಿ ಉಪಯೋಗ ಮತ್ತು ಸಂಶೋಧನೆಗಾಗಿ ಮಾಡುವ ನ್ಯಾಯಸಮ್ಮತ ಬಳಕೆಗೆ ಕಾಯ್ದೆಯ 52ನೆಯ ಕಲಮಿನಲ್ಲಿ ಅವಕಾಶವಿದೆ. ಎರಡನೆಯದಾಗಿ, ಅದನ್ನು ಯೂಟ್ಯೂಬಿಗೆ ಏರಿಸಬಹುದೆ? ಏರಿಸುವಂತಿಲ್ಲ. ಸಾರ್ವಜನಿಕರಿಗೆ ತೋರಿಸುವ ಹಕ್ಕು ಮಾಲೀಕನದು. ಮಾಲೀಕ ಸಿಗುತ್ತಿಲ್ಲ ಎಂದರೆ ಮಾಲೀಕನೇ ಇಲ್ಲ ಎಂದರ್ಥವಲ್ಲ. ಏರಿಸಿದ ಮೇಲೆ ಯಾರಾದರೂ ದೂರು ಕೊಟ್ಟರೆ ಚಿತ್ರ ಕೆಳಗಿಳಿಯುತ್ತದೆ. ಇಂಥ ಮೂರು ದೂರು ಸೇರಿದರೆ ಅವನ ಚಾನೆಲ್ಲೇ ಮುಚ್ಚಬಹುದು. ದೂರು ಕೊಟ್ಟವನು ನಿಜವಾದ ಹಕ್ಕುದಾರನೋ ಅಲ್ಲವೋ ಎಂದು ತಿಳಿಯುವುದು ಹಳ್ಳಿಯ ಹುಡುಗನಿಗೆ ಸುಲಭದ ಕೆಲಸವಲ್ಲ.

ಮೂರನೆಯ ದಾರಿಯೊಂದಿದೆ, ಅದು ಬಹಳ ಜನರಿಗೆ ತಿಳಿದಿಲ್ಲ. 2012ರ ತಿದ್ದುಪಡಿ ಅದನ್ನು ಕೊಟ್ಟಿತು. ಲಾಭದ ಉದ್ದೇಶವಿಲ್ಲದ ಸಾರ್ವಜನಿಕ ಗ್ರಂಥಾಲಯದ ಬಳಿ ಒಂದು ಕೃತಿಯ ಡಿಜಿಟಲ್ ಅಲ್ಲದ ಪ್ರತಿ ಮೊದಲೇ ಇದ್ದರೆ, ಸಂರಕ್ಷಣೆಗಾಗಿ ಅದನ್ನು ವಿದ್ಯುನ್ಮಾನ ರೂಪದಲ್ಲಿ ಸಂಗ್ರಹಿಸಿಟ್ಟುಕೊಳ್ಳುವುದು ಉಲ್ಲಂಘನೆಯಲ್ಲ. ಅಂದರೆ ನಮ್ಮ ಯುವಕ ಆ ಕ್ಯಾಸೆಟ್ಟನ್ನು ಅಂತಹ ಗ್ರಂಥಾಲಯಕ್ಕೆ ದಾನವಾಗಿ ಕೊಟ್ಟರೆ, ಗ್ರಂಥಾಲಯ ಅದನ್ನು ಕಂಪ್ಯೂಟರಿಗೆ ಇಳಿಸಿ ಕಾಪಾಡಬಹುದು. ಊರಿಗೆಲ್ಲ ತೋರಿಸಲು ಬಾರದು. ಆದರೆ ಸಾಯದಂತೆ ನೋಡಿಕೊಳ್ಳಬಹುದು. ಕೃತಿಸ್ವಾಮ್ಯ ಮುಗಿಯುವ ದಿನ ಬಂದಾಗ ಕೋಣೆ ಬರಿದಾಗಿರುವುದಿಲ್ಲ.

ನಾಲ್ಕನೆಯ ದಾರಿ 31ಎ ಕಲಮು. ಹಕ್ಕುದಾರ ಪತ್ತೆಯಾಗದ ಕೃತಿಗಳನ್ನು ಅನಾಥ ಕೃತಿಗಳೆನ್ನುತ್ತಾರೆ. ಅಂಥದನ್ನು ಪ್ರಕಟಿಸಲು, ಸಾರ್ವಜನಿಕರಿಗೆ ತೋರಿಸಲು ಪರವಾನಗಿ ಕೇಳಬಹುದು. ಗೊತ್ತುಮಾಡಿದ ರಾಯಧನವನ್ನು ಠೇವಣಿ ಇಡಬೇಕು. ಮಾಲೀಕ ಮುಂದೆ ಬಂದರೆ ಅದು ಅವನಿಗೆ. ನ್ಯಾಯವಾದ ಏರ್ಪಾಡು. ಆದರೆ ಷರತ್ತನ್ನು ಗಮನಿಸಿ. ಅರ್ಜಿ ಹಾಕುವ ಮೊದಲು ದೇಶದ ಬಹುಭಾಗದಲ್ಲಿ ಪ್ರಸಾರವಿರುವ ಇಂಗ್ಲಿಷ್ ದಿನಪತ್ರಿಕೆಯಲ್ಲಿ ಪ್ರಕಟಣೆ ಕೊಡಬೇಕು. ಆಯಾ ಭಾಷೆಯ ಪತ್ರಿಕೆಯಲ್ಲಿ ಕೊಡಬೇಕಾದದ್ದು ಅನುವಾದದ ಅರ್ಜಿಗೆ ಮಾತ್ರ. ಕನ್ನಡ ಚಿತ್ರವೊಂದರ ನಿರ್ಮಾಪಕರ ಮಗಳು ಶಿರಾಳಕೊಪ್ಪದಲ್ಲಿಯೋ ಹಾನಗಲ್ಲಿನಲ್ಲಿಯೋ ಇದ್ದಾರೆ ಎನ್ನಿ. ಅವರನ್ನು ನಾವು ಹುಡುಕುವುದು ಇಂಗ್ಲಿಷ್ ಪತ್ರಿಕೆಯ ಒಳಪುಟದ ಸಣ್ಣ ಅಕ್ಷರಗಳಲ್ಲಿ! ಹೀಗೆ ಹುಡುಕಿದರೆ ಅವರು ಸಿಗುವುದು ಹೇಗೆ? ಇದರ ಮೇಲೆ 2021ರಲ್ಲಿ ಬೌದ್ಧಿಕ ಸ್ವತ್ತಿನ ಮೇಲ್ಮನವಿ ಮಂಡಳಿಯನ್ನು ರದ್ದು ಮಾಡಿದ ಮೇಲೆ ಈ ಅರ್ಜಿಗಳು ನ್ಯಾಯಾಲಯದ ಪಾಲಿಗೆ ಬಂದಿವೆ. ಒಂದು ಕ್ಯಾಸೆಟ್ಟಿಗಾಗಿ ವಕೀಲರ ಮನೆ ಬಾಗಿಲಿಗೆ ಅಲೆಯುವವರು ಎಷ್ಟು ಮಂದಿ?

ಇದೆಲ್ಲ ಕೇಳಿ, ಮಾಲೀಕರೇ ಶತ್ರುಗಳು ಎಂದು ಯಾರೂ ಭಾವಿಸಬಾರದು. ಮಾಲೀಕ ಗಟ್ಟಿಯಾಗಿದ್ದರೆ ಚಿತ್ರ ಹೇಗೆ ಬದುಕುತ್ತದೆ ಎಂಬುದಕ್ಕೆ 'ಓಂ' ಸಾಕ್ಷಿ. ನಿರ್ಮಾಪಕಿ ಪಾರ್ವತಮ್ಮ ರಾಜ್‌ಕುಮಾರ್ ಅವರು ಸುಮಾರು ಇಪ್ಪತ್ತು ವರ್ಷ ಅದರ ಟಿ.ವಿ. ಪ್ರಸಾರದ ಹಕ್ಕನ್ನು ಯಾರಿಗೂ ಮಾರಲಿಲ್ಲ. ಹಾಗಾಗಿ ನೋಡಬೇಕೆನ್ನುವವರು ಚಿತ್ರಮಂದಿರಕ್ಕೇ ಬರಬೇಕಾಯಿತು. ಆ ಚಿತ್ರ 500ಕ್ಕೂ ಹೆಚ್ಚು ಸಲ ಮರುಬಿಡುಗಡೆಯಾಯಿತೆಂದು ಚಿತ್ರರಂಗ ಹೆಮ್ಮೆಯಿಂದ ಹೇಳಿಕೊಳ್ಳುತ್ತದೆ. ಮರುಬಿಡುಗಡೆ ಎಂದರೆ ಪ್ರತಿ ಬೇಕು; ಪ್ರತಿ ಬೇಕೆಂದರೆ ಮೂಲವನ್ನು ಕಾಪಾಡಲೇಬೇಕು. ಕೆ.ಸಿ.ಎನ್. ಗೌಡರ ಸಂಸ್ಥೆ 1965ರ 'ಸತ್ಯ ಹರಿಶ್ಚಂದ್ರ'ವನ್ನು 2008ರಲ್ಲಿ, 1971ರ 'ಕಸ್ತೂರಿ ನಿವಾಸ'ವನ್ನು 2014ರಲ್ಲಿ ಬಣ್ಣ ತುಂಬಿ ಮತ್ತೆ ತೆರೆಗೆ ತಂದದ್ದನ್ನೂ ಇಲ್ಲಿ ನೆನೆಯಬೇಕು. ಹಕ್ಕಿನಿಂದ ಹಣ ಬರುವಂತಿದ್ದುದರಿಂದಲೇ ಅಷ್ಟು ಖರ್ಚು ಮಾಡಲು ಧೈರ್ಯ ಬಂತು.

ಆದರೆ ಮಾಲೀಕನ ಮನಸ್ಸು ಇನ್ನೊಂದು ಬಗೆಯಲ್ಲೂ ಇರಬಹುದು. ಅಮೆರಿಕದ ಪಾತಕಿ ಚಿತ್ರಗಳಲ್ಲಿ ಹೆಸರಾದದ್ದು 1932ರ 'ಸ್ಕಾರ್‌ಫೇಸ್'. ಅದರ ನಿರ್ಮಾಪಕ ಹೋವರ್ಡ್ ಹ್ಯೂಸ್ ಆ ಚಿತ್ರವನ್ನು ಪ್ರದರ್ಶನದಿಂದ ಹಿಂತೆಗೆದು ತನ್ನಲ್ಲೇ ಇಟ್ಟುಕೊಂಡ. 1976ರಲ್ಲಿ ಅವನು ಸತ್ತ ಮೇಲೆಯೇ ಅದು ಅಧಿಕೃತವಾಗಿ ಮತ್ತೆ ಬೆಳಕಿಗೆ ಬಂತು. ಒಂದು ತಲೆಮಾರು ಅದನ್ನು ಸರಿಯಾಗಿ ನೋಡಲೇ ಇಲ್ಲ. ಇನ್ನೂ ಕಠಿಣವಾದ ಉದಾಹರಣೆ ಜರ್ಮನಿಯದು. 1922ರ 'ನೊಸ್ಫೆರಾತು' ಎಂಬ ಪಿಶಾಚಿಯ ಚಿತ್ರ 'ಡ್ರಾಕುಲ' ಕಾದಂಬರಿಯ ಹಕ್ಕನ್ನು ಉಲ್ಲಂಘಿಸಿದೆ ಎಂದು ಲೇಖಕನ ವಿಧವೆ ದಾವೆ ಹೂಡಿದರು. ಎಲ್ಲ ಪ್ರತಿಗಳನ್ನೂ ನಾಶ ಮಾಡಬೇಕೆಂದು ಆಜ್ಞೆಯಾಯಿತು. ಆ ಹೊತ್ತಿಗಾಗಲೇ ಕೆಲವು ಪ್ರತಿಗಳು ದೇಶಾಂತರ ಹೋಗಿದ್ದವು. ಇಂದು ಜಗತ್ತು ಮೆಚ್ಚುವ ಆ ಚಿತ್ರ ಉಳಿದದ್ದು ಆಜ್ಞೆಯ ಕೈಗೆ ಸಿಗದ ಆ ಪ್ರತಿಗಳಿಂದ.

ಮೂರನೆಯ ಬಗೆಯೂ ಉಂಟು. ಹಿಂದೆ ಅಮೆರಿಕದಲ್ಲಿ 28ನೆಯ ವರ್ಷದಲ್ಲಿ ಹಕ್ಕನ್ನು ನವೀಕರಿಸಬೇಕಾಗಿತ್ತು. ನವೀಕರಿಸದವರ ಚಿತ್ರಗಳು ಸಾರ್ವಜನಿಕ ಸ್ವತ್ತಾದವು. 1950ರ 'ಡಿ.ಓ.ಎ.', 1952ರ 'ಕನ್ಸಾಸ್ ಸಿಟಿ ಕಾನ್ಫಿಡೆನ್ಷಿಯಲ್' ಮೊದಲಾದ ಪಾತಕ ಚಿತ್ರಗಳು ಹೀಗೆ ಬಿಡುಗಡೆ ಪಡೆದು, ಇಂದು ಇಂಟರ್ನೆಟ್ ಆರ್ಕೈವ್ ಎಂಬ ತಾಣದಲ್ಲಿ ಯಾರಿಗೆ ಬೇಕಾದರೂ ಉಚಿತವಾಗಿ ದೊರೆಯುತ್ತವೆ. ಮರೆವಿನಿಂದ ಆದ ಒಳಿತು ಇದು. ಇದಕ್ಕೂ ಬೆಲೆ ಇದೆ. ಎಲ್ಲರ ಎಮ್ಮೆಗೆ ಹುಲ್ಲು ಹಾಕುವವರಿಲ್ಲ ಎಂಬಂತೆ, ಇಂಥ ಚಿತ್ರಗಳು ಬಹುಕಾಲ ಮಸುಕು ಪ್ರತಿಗಳಲ್ಲೇ ಸುತ್ತಾಡಿದವು.

ಇಲ್ಲಿ ಒಂದು ತಪ್ಪು ತಿಳಿವಳಿಕೆಯನ್ನು ದೂರ ಮಾಡಬೇಕು. ಚಿತ್ರ ಅಂತರಜಾಲದಲ್ಲಿ ಇದೆ ಎಂದರೆ ಅದು ಸಂರಕ್ಷಿತವಾಗಿದೆ ಎಂದಲ್ಲ. ಅಲ್ಲಿ ಬರುವುದು ಹಿಂಡಿ ಕಿರಿದಾಗಿಸಿದ ಪ್ರತಿ. ಹಳೆಯ ಚೌಕದ ಚಿತ್ರವನ್ನು ಇಂದಿನ ಅಗಲದ ತೆರೆಗೆ ಹೊಂದಿಸಲು ಮೇಲೆ ಕೆಳಗೆ ಕತ್ತರಿಸಿರುತ್ತಾರೆ. ಹಾಡು ಮಾಯವಾಗಿರುತ್ತದೆ, ಮೂಲೆಯಲ್ಲಿ ಕಂಪೆನಿಯ ಮುದ್ರೆ ಕೂತಿರುತ್ತದೆ. ನಾಳೆ ಕಂಪೆನಿಗೆ ಬೇಡವೆನಿಸಿದರೆ ಚಿತ್ರ ಅಲ್ಲಿಂದ ಇಳಿಯುತ್ತದೆ. ಅಂತರಜಾಲ ಸಂತೆಯ ಅಂಗಡಿ ಇದ್ದಂತೆ, ಅದು ಕಣಜವಲ್ಲ. ಎರಡೂ ಬೇಕು. ಆದರೆ ಕಣಜ ತುಂಬದೆ ಅಂಗಡಿ ಬಹುಕಾಲ ನಡೆಯದು.

ಕಣಜ ಇದ್ದರೆ ಏನಾಗುತ್ತದೆ? ನಮ್ಮ ಜಿಲ್ಲೆಗೇ ಸೇರಿದ ಉದಾಹರಣೆ ಕೊಡುತ್ತೇನೆ. ತೀರ್ಥಹಳ್ಳಿ ತಾಲ್ಲೂಕಿನ ಗಿರೀಶ ಕಾಸರವಳ್ಳಿ ಅವರ 'ಘಟಶ್ರಾದ್ಧ' 1977ರ ಸ್ವರ್ಣಕಮಲ ಪಡೆದ ಚಿತ್ರ. ಅದರ ಮೂಲ ನೆಗೆಟಿವ್ ಪುಣೆಯ ರಾಷ್ಟ್ರೀಯ ಚಲನಚಿತ್ರ ಭಂಡಾರದಲ್ಲಿ ಉಳಿದಿತ್ತು. ಹಾಗೆ ಉಳಿದಿದ್ದರಿಂದಲೇ ಅದನ್ನು ಜೀರ್ಣೋದ್ಧಾರ ಮಾಡಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಲು ಸಾಧ್ಯವಾಯಿತು. ಈ ಕೆಲಸದಲ್ಲಿ ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ನಿನೊಂದಿಗೆ ಕೈಜೋಡಿಸಿದ್ದು ಮಾರ್ಟಿನ್ ಸ್ಕಾರ್ಸೇಸಿ ಅವರ ಸಂಸ್ಥೆ. ಈ ಸ್ಕಾರ್ಸೇಸಿ ಯಾರು? 1990ರ 'ಗುಡ್‌ಫೆಲಾಸ್' ಮೊದಲಾದ ಪಾತಕಿ ಚಿತ್ರಗಳಿಂದ ಜಗತ್ಪ್ರಸಿದ್ಧರಾದವರು. ರೌಡಿ ಚಿತ್ರ ಮಾಡಿದವರು ಮಲೆನಾಡಿನ ಅಗ್ರಹಾರದ ಕಥೆಯನ್ನು ಕಾಪಾಡಲು ನೆರವಾದರು. ಆದರೆ ನಮ್ಮ ರೌಡಿ ಚಿತ್ರಗಳನ್ನು ಕಾಪಾಡಲು ಯಾರು ಬರುತ್ತಾರೆ?

ನನ್ನ ಆತಂಕ ಇರುವುದು ಇಲ್ಲಿಯೇ. ರಾಷ್ಟ್ರಪ್ರಶಸ್ತಿ ಪಡೆದ ಚಿತ್ರಕ್ಕೆ ಭಂಡಾರದಲ್ಲಿ ಜಾಗವಿದೆ, ಪುಸ್ತಕಗಳಲ್ಲಿ ಹೆಸರಿದೆ, ವಿಮರ್ಶಕರ ಬೆಂಬಲವಿದೆ. ಟೂರಿಂಗ್ ಟಾಕೀಸಿನ ಟೆಂಟಿನಲ್ಲಿ ನೆಲದ ಮೇಲೆ ಕೂತು ಜನ ಶಿಳ್ಳೆ ಹೊಡೆದು ನೋಡಿದ ಚಿತ್ರಕ್ಕೆ ಇದಾವುದೂ ಇಲ್ಲ. ಪ್ರಿಂಟು ಬೆಂಗಳೂರಿನಲ್ಲಿ ಓಡಿ, ಜಿಲ್ಲಾ ಕೇಂದ್ರದಲ್ಲಿ ಓಡಿ, ಗೀರು ಬಿದ್ದು, ತುಂಡಾಗಿ, ಅಂಟು ಹಾಕಿಸಿಕೊಂಡು ನಮ್ಮಂಥ ಊರಿಗೆ ಬರುತ್ತಿತ್ತು. ನಮ್ಮಲ್ಲಿಗೆ ಬರುವ ಹೊತ್ತಿಗೆ ಅದರ ಅರ್ಧ ಆಯುಷ್ಯ ಮುಗಿದಿರುತ್ತಿತ್ತು. ಜನಪ್ರಿಯತೆಯೇ ಅದನ್ನು ಸವೆಸಿತು. ಹೆಚ್ಚು ಜನ ನೋಡಿದ ಚಿತ್ರವೇ ಮೊದಲು ಅಳಿಯುವುದು ವಿಪರ್ಯಾಸ, ಆದರೆ ನಿಜ.

ಜನಪ್ರಿಯ ಚಿತ್ರವನ್ನೂ ಕಾಪಾಡಬಹುದು ಎಂಬುದಕ್ಕೆ ನಮ್ಮ ರಾಮನಗರದ ಬಂಡೆಗಳ ನಡುವೆ ಚಿತ್ರೀಕರಣವಾದ 1975ರ 'ಶೋಲೆ' ಸಾಕ್ಷಿ. ಅದರ ಮೂಲ ನೆಗೆಟಿವ್ ಕೆಟ್ಟುಹೋಗಿತ್ತು. ಇಂಗ್ಲೆಂಡಿನ ಮತ್ತು ಮುಂಬಯಿಯ ದಾಸ್ತಾನುಗಳಲ್ಲಿ ಉಳಿದಿದ್ದ ಬೇರೆ ಪ್ರತಿಗಳನ್ನು ಹುಡುಕಿ, ತುರ್ತು ಪರಿಸ್ಥಿತಿಯ ಕಾಲದಲ್ಲಿ ಸೆನ್ಸಾರ್ ಬದಲಿಸಿದ್ದ ಮೂಲ ಅಂತ್ಯವನ್ನೂ ಸೇರಿಸಿ, 2025ರಲ್ಲಿ ಇಟಲಿಯ ಬೊಲೋನಾದಲ್ಲಿ ತೋರಿಸಿದರು. ಅಲ್ಲಿ ಹಕ್ಕುದಾರರ ಮನೆತನ ತಾನಾಗಿ ಮುಂದೆ ಬಂದಿತ್ತು. ಹಕ್ಕುದಾರ, ತಜ್ಞ, ಪ್ರತಿ ಈ ಮೂರೂ ಒಂದೆಡೆ ಕೂಡಿದರೆ ಕೆಲಸ ಆಗುತ್ತದೆ.

ಹಾಗಾದರೆ ನಮ್ಮಲ್ಲಿ ಏನು ಆಗಬೇಕು? ಒಂದು, ಪುಸ್ತಕಗಳಿಗೆ 1954ರಿಂದ ಕಾಯ್ದೆಯಿದೆ. ಪ್ರಕಾಶಕರು ಗೊತ್ತಾದ ಗ್ರಂಥಾಲಯಗಳಿಗೆ ಪ್ರತಿ ಕಳಿಸಲೇಬೇಕು. ಚಲನಚಿತ್ರದ ಮೂಲ ಸಾಮಗ್ರಿಗೂ ಅಂತಹ ಕಡ್ಡಾಯ ಬೇಕು. ಭಂಡಾರ ಅದನ್ನು ಯಾರಿಗೂ ತೋರಿಸುವುದು ಬೇಡ. ಹಕ್ಕು ಮುಗಿಯುವವರೆಗೆ ಕಾಪಾಡಿದರೆ ಸಾಕು. ಎರಡು, ಸರ್ಕಾರದ ಸಹಾಯಧನ ಪಡೆಯುವ ಕನ್ನಡ ಚಿತ್ರಗಳಿಂದ ಬಹುಕಾಲ ಬಾಳುವ ಪ್ರತಿಯೊಂದನ್ನು ಪಡೆಯುವ ಕರಾರು ಗಟ್ಟಿಯಾಗಬೇಕು. ಮೂರು, ಹಳೆಯ ಕನ್ನಡ ಚಿತ್ರಗಳ ಹಕ್ಕು ಯಾರ ಬಳಿ ಇದೆ ಎಂಬ ಪಟ್ಟಿಯೊಂದನ್ನು ಕರ್ನಾಟಕ ಚಲನಚಿತ್ರ ಅಕಾಡೆಮಿ ಮತ್ತು ವಾಣಿಜ್ಯ ಮಂಡಳಿ ಕೂಡಿ ಮಾಡಿದರೆ ಅರ್ಧ ಜಗಳ ಮುಗಿಯುತ್ತದೆ. ನಾಲ್ಕು, ಅನಾಥ ಕೃತಿಯ ಪ್ರಕಟಣೆ ಆ ಕೃತಿಯ ಭಾಷೆಯ ಪತ್ರಿಕೆಯಲ್ಲೂ ಬರಬೇಕು. ಐದು, ಅಮೆರಿಕದ ಕಾನೂನಿನಲ್ಲಿ ಒಂದು ಏರ್ಪಾಡಿದೆ. ಹಕ್ಕಿನ ಅವಧಿಯ ಕೊನೆಯ 20 ವರ್ಷಗಳಲ್ಲಿ, ಮಾರುಕಟ್ಟೆಯಲ್ಲಿ ಸಿಗದ ಕೃತಿಗಳನ್ನು ಗ್ರಂಥಾಲಯಗಳು ಸಂರಕ್ಷಣೆ ಮತ್ತು ಸಂಶೋಧನೆಗಾಗಿ ಪ್ರತಿ ಮಾಡಿ ಒದಗಿಸಬಹುದು. ನಾವೂ ಇದನ್ನು ಯೋಚಿಸಬಹುದು.

ಹೀಗೆ ಹೇಳಿದ ಮಾತ್ರಕ್ಕೆ ಹೊಸ ಚಿತ್ರಗಳನ್ನು ಕದ್ದು ಹಂಚುವವರಿಗೆ ನಾನು ಸಮರ್ಥನೆ ಕೊಡುತ್ತಿಲ್ಲ. ಚಿತ್ರಮಂದಿರದಲ್ಲಿ ಕ್ಯಾಮೆರಾ ಹಿಡಿದು ಕದ್ದು ಚಿತ್ರಿಸುವುದಕ್ಕೆ 2023ರ ಸಿನಿಮಾಟೋಗ್ರಾಫ್ ತಿದ್ದುಪಡಿ ಮೂರು ತಿಂಗಳಿಂದ ಮೂರು ವರ್ಷದವರೆಗೆ ಸಜೆ ಹೇಳುತ್ತದೆ, ಅದು ಸರಿಯೇ. ಬೆಳೆದು ನಿಂತ ಪೈರನ್ನು ರಾತ್ರೋರಾತ್ರಿ ಕುಯ್ದುಕೊಂಡು ಹೋಗುವುದು ಬೇರೆ. ಬೀಳುಬಿದ್ದ ಹೊಲದಲ್ಲಿ ನಾಶವಾಗುತ್ತಿರುವ ಬೀಜದ ತಳಿಯನ್ನು ಎತ್ತಿಟ್ಟುಕೊಳ್ಳುವುದು ಬೇರೆ. ಕಾನೂನು ಇವೆರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ಕೊನೆಯದಾಗಿ ಮನೆಯಲ್ಲಿ ಕೂತು ಕೇಳುತ್ತಿರುವ ನಿಮ್ಮಲ್ಲಿ ಒಂದು ವಿನಂತಿ. ನಿಮ್ಮ ಮನೆಯಲ್ಲಿ ಹಳೆಯ ಕನ್ನಡ ಚಿತ್ರದ ಕ್ಯಾಸೆಟ್ಟು, ಹಾಡಿನ ಪುಸ್ತಕ, ಪೋಸ್ಟರು, ಫಿಲ್ಮಿನ ಡಬ್ಬ ಏನೇ ಇದ್ದರೂ ಗುಜರಿಗೆ ಹಾಕಬೇಡಿ. ಚಿತ್ರದ ಹೆಸರು, ವರ್ಷ, ನಿಮಗೆ ಅದು ಬಂದ ಬಗೆ ಇಷ್ಟನ್ನು ಒಂದು ಚೀಟಿಯಲ್ಲಿ ಬರೆದು ಜೊತೆಗಿಡಿ. ಒಣ ಜಾಗದಲ್ಲಿ, ನೆಲಕ್ಕೆ ತಾಗದಂತೆ ಇಡಿ. ಕೊಡುವ ಮನಸ್ಸಿದ್ದರೆ ಸಾರ್ವಜನಿಕ ಗ್ರಂಥಾಲಯಕ್ಕೋ ಭಂಡಾರಕ್ಕೋ ಕೊಡಿ. ಯಾರದೋ ಮನೆಯಲ್ಲಿ ನಿರ್ಮಾಪಕರಾಗಿದ್ದ ಅಜ್ಜನ ಕರಾರುಪತ್ರಗಳು ಪೆಟ್ಟಿಗೆಯಲ್ಲಿ ಬಿದ್ದಿರಬಹುದು. ದಯವಿಟ್ಟು ಅವನ್ನು ತೆಗೆದು ಓದಿ. ಆ ಹಕ್ಕು ನಿಮ್ಮದು. ಆದರೆ ಹಕ್ಕು ಬಾಳುವುದು ಚಿತ್ರ ಬಾಳಿದರೆ ಮಾತ್ರ. ನೆಗೆಟಿವ್ ಹುಳಿಯಾದ ದಿನ ಕಾಗದದ ಮೇಲಿನ ಹಕ್ಕು ಕಾಗದವಾಗಿಯೇ ಉಳಿಯುತ್ತದೆ.